‘ಆಗುವುದಿಲ್ಲ’ ಎನ್ನಬಲ್ಲ ನಟರಾಗಿ

ನಟನೆಯನ್ನೇ ನಂಬಿ ಬೆಂಗಳೂರಿನ ಬಸ್ಸು ಹತ್ತಿರುವ ಹುಡುಗ ಹುಡುಗಿಯರೇ, ಗೆದ್ದವರ ಕಥೆಗಳು ನಿಮಗೆಲ್ಲ ಬಾಯಿಪಾಠ. ಗುಬ್ಬಿ ಕಂಪನಿಯಲ್ಲಿ ಪಳಗಿದ ಹುಡುಗ ರಾಜ್‌ಕುಮಾರ್ ಆದದ್ದು, ಬೆಂಗಳೂರಿನ ಬಸ್ ಕಂಡಕ್ಟರ್ ಒಬ್ಬರು ರಜನೀಕಾಂತ್ ಆದದ್ದು ನನಗಿಂತ ನಿಮಗೇ ಚೆನ್ನಾಗಿ ಗೊತ್ತು. ಅಂಥ ಕಥೆಗಳಿಂದ ಹುರುಪು ಬರುತ್ತದೆ, ನಿಜ. ದಾರಿ ಮಾತ್ರ ಗೊತ್ತಾಗುವುದಿಲ್ಲ. ನಿಮ್ಮಲ್ಲಿ ಬಹುಪಾಲು ಜನರ ಪಾಲಿಗೆ ಬರುವುದು ಅಂಥ ಬದುಕಲ್ಲ. ನಾಲ್ಕಾರು ಸಿನಿಮಾ, ಒಂದೆರಡು ಧಾರಾವಾಹಿ, ಜನ ಗುರುತಿಟ್ಟುಕೊಳ್ಳುವ ಒಂದು ಪಾತ್ರ. ಅದೂ ಯೋಗವಿದ್ದರೆ. ಹಾಗಾದರೆ ಸೋತಂತೆಯೇ? ಅಲ್ಲ ಅಂತ ನಾನು ಹೇಳುತ್ತೇನೆ. ಬೆನ್ನು ತಟ್ಟಿ ಸಮಾಧಾನ ಮಾಡಲು ಹೇಳುವ ಮಾತಲ್ಲ ಇದು. ಡ್ವೇನ್ ಜೋನ್ಸ್ ಎಂಬ ನಟರ ಬದುಕನ್ನು ಎದುರಿಗಿಟ್ಟುಕೊಂಡು ಹೇಳುತ್ತಿದ್ದೇನೆ.

ಜೋನ್ಸ್ ಅಮೆರಿಕದ ಕಪ್ಪು ಜನಾಂಗದವರು. ಪೆನ್ಸಿಲ್ವೇನಿಯಾ ರಾಜ್ಯದ ಪಿಟ್ಸ್‌ಬರ್ಗ್ ಪಕ್ಕದ ಉಕ್ಕಿನ ಕಾರ್ಖಾನೆಗಳ ಊರಾದ ಡ್ಯುಕೇನ್‌ನಲ್ಲಿ ಬೆಳೆದವರು. ಪಿಟ್ಸ್‌ಬರ್ಗ್ ವಿಶ್ವವಿದ್ಯಾಲಯದಲ್ಲಿ ಓದಿ, ಪ್ಯಾರಿಸ್ಸಿನ ಸೊರ್ಬಾನ್‌ನಲ್ಲೂ ಕಲಿತು, ನಾಟಕವನ್ನೇ ಬದುಕಾಗಿಸಿಕೊಂಡವರು. ಸುಮಾರು ಇಪ್ಪತ್ತು ವರ್ಷಗಳಲ್ಲಿ ಅವರು ಕಾಣಿಸಿಕೊಂಡ ಚಿತ್ರಗಳು ಬೆರಳೆಣಿಕೆಯಷ್ಟು. ಅದರಲ್ಲೂ ಹೆಚ್ಚಿನವು ರಕ್ತ, ಪಿಶಾಚಿ, ಪ್ರೇತಗಳ ಥ್ರಿಲ್ಲರ್‌ಗಳು. 1988ರಲ್ಲಿ, 51ನೇ ವಯಸ್ಸಿಗೇ ತೀರಿಕೊಂಡರು. ಸಿನಿಮಾ ಹುಚ್ಚಿನವರನ್ನು ಬಿಟ್ಟರೆ ಅವರ ಹೆಸರು ಬಲ್ಲವರು ಕಡಿಮೆ.

ಅವರ ಮೊದಲ ಚಿತ್ರವನ್ನು ಮಾತ್ರ ಜಗತ್ತೇ ಬಲ್ಲದು. ಅದು ಜಾರ್ಜ್ ರೊಮೆರೊ ನಿರ್ದೇಶಿಸಿದ ‘ನೈಟ್ ಆಫ್ ದಿ ಲಿವಿಂಗ್ ಡೆಡ್’. ಸತ್ತವರು ಎದ್ದು ಬಂದು ಬದುಕಿರುವವರನ್ನು ತಿನ್ನಲು ಮುತ್ತಿಗೆ ಹಾಕುವ, ಒಂದು ತೋಟದ ಮನೆಯಲ್ಲಿ ಒಂದೇ ರಾತ್ರಿ ನಡೆಯುವ ಕಥೆ. ಇವತ್ತು ಒಟಿಟಿಯಲ್ಲಿ ನೀವು ನೋಡುವ ಜೊಂಬಿ ಕಥೆಗಳೆಲ್ಲ ಒಂದಲ್ಲ ಒಂದು ರೀತಿಯಲ್ಲಿ ಅದರ ಸಂತಾನ. ಮಾಡಿದವರು ಹಾಲಿವುಡ್ಡಿನವರಲ್ಲ. ಪಿಟ್ಸ್‌ಬರ್ಗ್‌ನಲ್ಲಿ ಜಾಹೀರಾತು ಚಿತ್ರ ತೆಗೆಯುತ್ತಿದ್ದ ಹುಡುಗರು. ಹತ್ತು ಮಂದಿ ತಲಾ 600 ಡಾಲರ್ ಹಾಕಿ ಕಂಪನಿ ಕಟ್ಟಿದರು. ಆಮೇಲೆ ಅವರಿವರಿಂದ ಕೂಡಿಸಿದ್ದೆಲ್ಲ ಸೇರಿ ಖರ್ಚು 1 ಲಕ್ಷ 14 ಸಾವಿರ ಡಾಲರ್ ಆಸುಪಾಸು. 1967ರಲ್ಲಿ ಇವಾನ್ಸ್ ಸಿಟಿ ಎಂಬ ಸಣ್ಣ ಊರಿನ ಬಳಿ, ಕೆಡವಲು ಬಿಟ್ಟಿದ್ದ ಮನೆಯಲ್ಲಿ ಚಿತ್ರೀಕರಣ. ಕಪ್ಪುಬಿಳುಪು ಫಿಲಂ. ರಕ್ತದ ಬದಲು ಚಾಕೊಲೇಟ್ ಪಾಕ. ನೀವು ಗೆಳೆಯರ ಜೊತೆ ಸೇರಿ ಕಿರುಚಿತ್ರ ಮಾಡುತ್ತೀರಲ್ಲ, ಹೆಚ್ಚುಕಡಿಮೆ ಅದೇ ಲೆಕ್ಕ.

ಅಲ್ಲಿಂದಲೇ ಮೊದಲ ಮಾತು ತೆಗೆದುಕೊಳ್ಳಿ. ನಾಯಕ ಬೆನ್‌ನ ಪಾತ್ರ ಜೋನ್ಸ್‌ಗಾಗಿ ಬರೆದದ್ದಲ್ಲ. ಮೊದಲು ಆ ಪಾತ್ರಕ್ಕೆ ತಂಡದ ಸ್ನೇಹಿತನೊಬ್ಬನನ್ನೇ ಅಂದುಕೊಂಡಿದ್ದರು. ಜೋನ್ಸ್ ಬಂದು ಆಡಿಷನ್ ಕೊಟ್ಟರು. ಬಂದವರಲ್ಲಿ ಅವರೇ ಎಲ್ಲರಿಗಿಂತ ಚೆನ್ನಾಗಿ ಮಾಡಿದರು, ಅದಕ್ಕೇ ಆರಿಸಿದೆವು ಎಂದು ರೊಮೆರೊ ಕೊನೆಯವರೆಗೂ ಹೇಳುತ್ತಿದ್ದರು. ಆ ಕಾಲವನ್ನು ನೆನೆಸಿಕೊಳ್ಳಿ. ಹಾಲಿವುಡ್ಡಿನಲ್ಲಿ ಕಪ್ಪು ನಾಯಕನಟ ಎಂದರೆ ಜನರಿಗೆ ತಕ್ಷಣ ನೆನಪಾಗುತ್ತಿದ್ದದ್ದು ಸಿಡ್ನಿ ಪೊಯ್ಟಿಯೇ ಒಬ್ಬರೇ. ಬಣ್ಣದ ಮಾತೇ ಇಲ್ಲದ ಕಥೆಯೊಂದರಲ್ಲಿ, ಬಿಳಿಯರ ನಡುವೆ ನಿಂತು ಆಜ್ಞೆ ಮಾಡುವ ನಾಯಕನ ಜಾಗ ಕಪ್ಪು ನಟನಿಗೆ ಸಿಗುವುದು ಊಹೆಗೂ ಮೀರಿದ್ದು. ಸಿಕ್ಕಿತು, ಏಕೆಂದರೆ ಬಾಗಿಲು ತೆರೆದ ದಿನ ಜೋನ್ಸ್ ತಯಾರಾಗಿದ್ದರು. ಆಡಿಷನ್ ಗೊತ್ತಾದ ಮೇಲೆ ತಾಲೀಮು ಶುರುಮಾಡುವವರಿಗೆ ಅಂಥ ದಿನ ಬಂದರೂ ಪ್ರಯೋಜನವಿಲ್ಲ. ದಿನಾ ಗಟ್ಟಿಯಾಗಿ ಓದಿ. ಕಥೆ, ಕವಿತೆ, ಪತ್ರಿಕೆಯ ಸಂಪಾದಕೀಯ, ಯಾವುದಾದರೂ ಸರಿ. ಮುಖ ಕನ್ನಡಿಯಲ್ಲಿ ತಿದ್ದಿಕೊಳ್ಳಬಹುದು. ನಾಲಿಗೆ ತಿದ್ದಿಕೊಳ್ಳಲು ಓದಲೇಬೇಕು.

ಎರಡನೆಯ ಮಾತೇ ನಾನು ನಿಜವಾಗಿ ಹೇಳಬೇಕಾದದ್ದು. ಚಿತ್ರಕಥೆಯಲ್ಲಿ ಬೆನ್ ಒಬ್ಬ ಒರಟು ಲಾರಿ ಚಾಲಕ. ಅವನ ಸಂಭಾಷಣೆಯೂ ಓದುಬರಹವಿಲ್ಲದ ಒರಟನದು. ಜೋನ್ಸ್ ಅದನ್ನು ಓದಿ, ಬರೆದದ್ದನ್ನು ಹಾಗೇ ಒಪ್ಪಿಸಲು ಆಗುವುದಿಲ್ಲ ಎಂದರು. ಸುಮ್ಮನೆ ಆಗುವುದಿಲ್ಲ ಎಂದು ಕೂರಲಿಲ್ಲ. ತಮ್ಮ ಮಾತುಗಳನ್ನು ತಾವೇ ತಿದ್ದಿಕೊಂಡರು. ಚಿತ್ರದ ನಿರ್ಮಾಪಕರಲ್ಲಿ ಒಬ್ಬರೂ ಅದರಲ್ಲಿ ನಟಿಸಿದವರೂ ಆದ ಕಾರ್ಲ್ ಹಾರ್ಡ್‌ಮನ್ ಇದನ್ನು ಆಮೇಲೆ ನೆನಪಿಸಿಕೊಂಡಿದ್ದಾರೆ. ಇವತ್ತು ಚಿತ್ರ ನೋಡಿದರೆ ಬೆನ್ ಕಿರುಚುವುದು ಕಡಿಮೆ. ಹಲಗೆ ಹುಡುಕುತ್ತಾನೆ, ಮೊಳೆ ಹೊಡೆಯುತ್ತಾನೆ, ಕಿಟಕಿ ಮುಚ್ಚುತ್ತಾನೆ. ಆ ಕೆಲಸ ಮಾಡುತ್ತಲೇ ತಾನು ಕಂಡ ಭೀಕರವನ್ನು ತಗ್ಗಿದ ದನಿಯಲ್ಲಿ ಹೇಳುತ್ತಾನೆ. ಭಯಪಟ್ಟವನು ಬುದ್ಧಿಯನ್ನು ಹಿಡಿತದಲ್ಲಿಟ್ಟುಕೊಂಡಿದ್ದಾನೆ ಎಂದು ನಮಗೆ ತಿಳಿಯುವುದು ಆ ದನಿಯಿಂದ. ಚಿತ್ರ ಇವತ್ತಿಗೂ ನಿಂತಿರುವುದರಲ್ಲಿ ಆ ದನಿಯ ಪಾಲು ದೊಡ್ಡದು.

ನಿಮಗೆ ಇಂಥ ಸಂದರ್ಭ ಬಂದೇ ಬರುತ್ತದೆ. ದಪ್ಪಗಿದ್ದರೆ ಕಾಮಿಡಿಗೆ, ಕಪ್ಪಗಿದ್ದರೆ ರೌಡಿಯ ಹಿಂದೆ ನಿಲ್ಲುವುದಕ್ಕೆ, ಉತ್ತರ ಕರ್ನಾಟಕದ ಮಾತಾಡಿದರೆ ನಗಿಸುವುದಕ್ಕೆ, ಮನೆಕೆಲಸದವಳ ಪಾತ್ರವಾದರೆ ಬೈಸಿಕೊಳ್ಳುವುದಕ್ಕೆ ಎಂದು ಮೊದಲೇ ಲೆಕ್ಕ ಹಾಕಿಟ್ಟಿರುತ್ತಾರೆ. ಬೆಳಗ್ಗೆ ಸೆಟ್ಟಿನಲ್ಲಿ ಹಾಳೆ ಕೈಗಿಟ್ಟು ‘ಡೈಲಾಗ್ ಹೇಳಿ ಹೋಗಮ್ಮ’ ಎನ್ನುತ್ತಾರೆ. ಆಗ ಎರಡು ತಪ್ಪು ದಾರಿಗಳಿವೆ. ಒಂದು, ಅವಮಾನ ನುಂಗಿಕೊಂಡು ಹೇಳಿ ಬರುವುದು. ಇನ್ನೊಂದು, ಎಲ್ಲರೆದುರು ರೇಗಿ ಹೊರನಡೆಯುವುದು. ಜೋನ್ಸ್ ಹಿಡಿದದ್ದು ಮೂರನೆಯದನ್ನು. ಬರೆದದ್ದಕ್ಕಿಂತ ಒಳ್ಳೆಯದನ್ನು ಕೈಯಲ್ಲಿ ಹಿಡಿದುಕೊಂಡೇ ಬೇಡ ಎನ್ನುವುದು. ‘ಸರ್, ಈ ಸಾಲಿನ ಬದಲು ಹೀಗಂದರೆ ಆಗುತ್ತಾ, ಒಂದ್ಸಲ ಮಾಡಿ ತೋರಿಸಲಾ’ ಎಂದು ಕೇಳಿ. ಹತ್ತರಲ್ಲಿ ಎಂಟು ನಿರ್ದೇಶಕರು ಬೈಯಬಹುದು. ಉಳಿದ ಇಬ್ಬರು ನಿಮ್ಮ ಹೆಸರು ನೆನಪಿಟ್ಟುಕೊಳ್ಳುತ್ತಾರೆ.

ಇಲ್ಲೊಂದು ಸೂಕ್ಷ್ಮವಿದೆ. ಪಾತ್ರವನ್ನು ತಿದ್ದುವುದು ಎಂದರೆ ಪಾತ್ರಕ್ಕೆ ಹೊಗಳಿಕೆ ಸೇರಿಸುವುದಲ್ಲ. ನಮ್ಮಲ್ಲಿ ಒಂದೆರಡು ಚಿತ್ರ ಓಡಿದ ಕೂಡಲೇ ‘ನಾನು ಏಟು ತಿನ್ನುವ ಹಾಗಿಲ್ಲ, ನನ್ನ ಪಾತ್ರ ತಪ್ಪು ಮಾಡುವ ಹಾಗಿಲ್ಲ’ ಎನ್ನುವವರುಂಟು. ಬೆನ್ ಹಾಗಲ್ಲ. ನೆಲಮಾಳಿಗೆಯಲ್ಲಿ ಅವಿತುಕೊಳ್ಳೋಣ ಎಂದು ಹ್ಯಾರಿ ಕೂಪರ್ ಎಂಬ ಜಗಳಗಂಟ ಹಟ ಹಿಡಿಯುತ್ತಾನೆ. ಕೆಳಗೆ ಹೋದರೆ ಸಾವು, ಮೇಲೇ ಇರೋಣ ಎಂದು ಬೆನ್ ಜಗಳವಾಡುತ್ತಾನೆ. ಕೊನೆಗೆ ಅದೇ ಹ್ಯಾರಿಗೆ ಗುಂಡು ಹೊಡೆಯುತ್ತಾನೆ. ಪ್ರೇತಗಳು ಮನೆಗೆ ನುಗ್ಗಿದ ಮೇಲೆ ಬೆನ್ ಜೀವ ಉಳಿಸಿಕೊಳ್ಳುವುದು ಯಾವ ಜಾಗದಲ್ಲಿ? ಅದೇ ನೆಲಮಾಳಿಗೆಯಲ್ಲಿ. ನಾಯಕ ಹೇಳಿದ್ದು ಸುಳ್ಳಾಯಿತು, ಕೆಟ್ಟವನ ಮಾತು ನಿಜವಾಯಿತು. ಜೋನ್ಸ್ ಇದನ್ನೇನೂ ತಿದ್ದಿಸಲಿಲ್ಲ. ಅವರಿಗೆ ಬೇಕಿದ್ದದ್ದು ಬೆನ್ ದೇವರಾಗುವುದಲ್ಲ, ಪೂರ್ತಿ ಮನುಷ್ಯನಾಗುವುದು. ಯಾವುದಕ್ಕೆ ಹಟ ಹಿಡಿಯಬೇಕು, ಯಾವುದನ್ನು ಬಿಡಬೇಕು ಎಂಬ ವಿವೇಕವಿಲ್ಲದವನ ‘ಆಗುವುದಿಲ್ಲ’ಕ್ಕೆ ಬೆಲೆ ಇಲ್ಲ.

ಮೂರನೆಯದಾಗಿ, ನೀವು ತೆರೆಯ ಮೇಲೆ ಮಾಡುವುದಕ್ಕೂ ಬೀದಿಯಲ್ಲಿ ನಿಮಗಾಗುವುದಕ್ಕೂ ಸಂಬಂಧವಿದೆ ಎಂಬುದನ್ನು ಮರೆಯಬೇಡಿ. ಗಾಬರಿಯಲ್ಲಿ ಮತಿಗೆಟ್ಟ ಬಾರ್ಬರಾ ಎಂಬ ಬಿಳಿಯ ಹೆಣ್ಣಿನ ಕೆನ್ನೆಗೆ ಬೆನ್ ಹೊಡೆಯುವ ಒಂದು ದೃಶ್ಯವಿದೆ. ಆ ದೃಶ್ಯ ಜೋನ್ಸ್ ಅವರನ್ನು ಕಾಡಿತು. ಹಾಗೆ ಹೊಡೆದ ಕಪ್ಪು ನಟ ಚಿತ್ರಮಂದಿರದಿಂದ ಹೊರಬಂದರೆ ಅವನ ಗತಿಯೇನು ಎಂಬ ಅವರ ಆತಂಕವನ್ನು ರೊಮೆರೊ ಹಲವು ಸಲ ಹೇಳಿದ್ದಾರೆ. ತಂಡದ ಹುಡುಗರಿಗೆ ಆಗ ಅದು ಅಷ್ಟಾಗಿ ಅರ್ಥವಾಗಲಿಲ್ಲ. ನಾವು ಬಣ್ಣ ನೋಡುವವರಲ್ಲ, ಹಾಗಾಗಿ ಬಣ್ಣದ ಪ್ರಶ್ನೆಯೇ ಇಲ್ಲ ಎಂಬ ಧೋರಣೆ ಅವರದು. ಆದರೆ ಶೂಟಿಂಗ್ ಮುಗಿಸಿ ವಾಪಸಾಗುತ್ತಿದ್ದ ಒಂದು ರಾತ್ರಿ, ಕಾರಿನಲ್ಲಿದ್ದ ಹುಡುಗರ ಗುಂಪೊಂದು ಕಬ್ಬಿಣದ ಸರಳು ಬೀಸುತ್ತ ತಮ್ಮನ್ನು ಬೆನ್ನಟ್ಟಿದ್ದನ್ನು ಜೋನ್ಸ್ ನೆನಪಿಸಿಕೊಂಡಿದ್ದಾರೆ. ತೆರೆಯ ಮೇಲಿನ ದುಃಸ್ವಪ್ನವನ್ನು ಆಡಿ ಬಂದವನಿಗೆ ರಸ್ತೆಯಲ್ಲಿ ನಿಜದ್ದು ಕಾದಿತ್ತು. ಒಳ್ಳೆಯ ಮನಸ್ಸಿನವರ ಜೊತೆ ಕೆಲಸ ಮಾಡುವಾಗಲೂ ನಿಮ್ಮ ಸಂಕಟವನ್ನು ನೀವೇ ಬಾಯಿಬಿಟ್ಟು ಹೇಳಬೇಕಾಗುತ್ತದೆ. ಅವರಿಗೆ ತಾನಾಗಿ ಹೊಳೆಯುವುದಿಲ್ಲ. ಹೆಣ್ಣುಮಕ್ಕಳಿಗೆ ಈ ಮಾತನ್ನು ಬಿಡಿಸಿ ಹೇಳಬೇಕಿಲ್ಲ.

ಇನ್ನು ಆ ಚಿತ್ರದ ಅಂತ್ಯ. ರಾತ್ರಿಯಿಡೀ ಹೋರಾಡಿ ಬದುಕುಳಿದ ಬೆನ್ ಬೆಳಗ್ಗೆ ಜನರ ಸದ್ದು ಕೇಳಿ ಕಿಟಕಿಗೆ ಬರುತ್ತಾನೆ. ರಕ್ಷಿಸಲು ಬಂದ ಬಂದೂಕುಧಾರಿಗಳ ಗುಂಪು ಅವನನ್ನೂ ಪ್ರೇತವೆಂದೇ ತಿಳಿದು ಹಣೆಗೆ ಗುಂಡು ಹೊಡೆಯುತ್ತದೆ. ಅವನ ಹೆಣವನ್ನು ಕೊಕ್ಕೆ ಹಾಕಿ ಎಳೆದು ಬೆಂಕಿಗೆ ಹಾಕುವುದನ್ನು ಸ್ಥಿರಚಿತ್ರಗಳಲ್ಲಿ ತೋರಿಸಿ ಚಿತ್ರ ಮುಗಿಯುತ್ತದೆ. ಬೇರೆ ಅಂತ್ಯಗಳೂ ಚರ್ಚೆಗೆ ಬಂದಿದ್ದವು. ಸುಖಾಂತ ಮಾಡಿದರೆ ಕೊಳ್ಳುತ್ತೇವೆ ಎಂದ ವಿತರಕ ಸಂಸ್ಥೆಯೂ ಇತ್ತು. ಹೇಗೋ ಒಂದು ಬಗೆಯಲ್ಲಿ ಬದುಕಿಸುವುದಕ್ಕಿಂತ ಬೆನ್ ಸಾಯುವುದನ್ನೇ ಕಪ್ಪು ಪ್ರೇಕ್ಷಕರು ಬಯಸುತ್ತಾರೆ ಎಂದು ರೊಮೆರೊಗೆ ಮನವರಿಕೆ ಮಾಡಿದ್ದಾಗಿ ಜೋನ್ಸ್ ಆಮೇಲೆ ಹೇಳಿದರು. ತನ್ನ ಪಾತ್ರ ಸಾಯಲಿ ಎಂದು ವಾದಿಸಿದ ನಾಯಕನಟ! ಕೊನೆಗೆ ಸರಿಯೆನಿಸಿದ್ದು ಅವರ ಲೆಕ್ಕವೇ. 1968ರ ಏಪ್ರಿಲ್ 4ರಂದು ರೊಮೆರೊ ಚಿತ್ರದ ಪ್ರಿಂಟನ್ನು ಕಾರಿನಲ್ಲಿಟ್ಟುಕೊಂಡು ನ್ಯೂಯಾರ್ಕಿಗೆ ಹೊರಟಿದ್ದಾಗ, ಮಾರ್ಟಿನ್ ಲೂಥರ್ ಕಿಂಗ್ ಹತ್ಯೆಯ ಸುದ್ದಿ ರೇಡಿಯೊದಲ್ಲಿ ಬಂತು. ಅಕ್ಟೋಬರ್ 1ರಂದು ಪಿಟ್ಸ್‌ಬರ್ಗ್‌ನಲ್ಲಿ ಚಿತ್ರ ತೆರೆಕಂಡಾಗ ಆ ಕೊನೆಯ ಗುಂಡಿನ ಸದ್ದು ಬರೀ ಭೂತದ ಕಥೆಯದಾಗಿ ಉಳಿದಿರಲಿಲ್ಲ.

ಚಿತ್ರ ಹಾಕಿದ ಹಣದ ಎಷ್ಟೋ ಪಟ್ಟು ದುಡಿಯಿತು. ಮಾಡಿದವರ ಕೈಗೆ ಬಂದದ್ದು ಮಾತ್ರ ಸ್ವಲ್ಪ. ವಿತರಕರು ಕೊನೆಗಳಿಗೆಯಲ್ಲಿ ಶೀರ್ಷಿಕೆ ಬದಲಿಸಿದರು. ಹಳೆಯ ಶೀರ್ಷಿಕೆಯ ಜೊತೆಗಿದ್ದ ಹಕ್ಕುಸ್ವಾಮ್ಯದ ಸಾಲೂ ಅಳಿಸಿಹೋಯಿತು. ಅಂದಿನ ಅಮೆರಿಕದ ಕಾನೂನಿನಲ್ಲಿ ಆ ಸಾಲಿಲ್ಲದಿದ್ದರೆ ಹಕ್ಕೂ ಇಲ್ಲ. ಚಿತ್ರ ಯಾರು ಬೇಕಾದರೂ ತೋರಿಸಬಹುದಾದ, ಮಾರಬಹುದಾದ ಸ್ವತ್ತಾಯಿತು. ಆದ್ದರಿಂದ ಕಾಗದಪತ್ರದ ವಿಷಯದಲ್ಲಿ ಸಂಕೋಚ ಬೇಡ. ಅಗ್ರಿಮೆಂಟ್ ಓದದೆ ಸಹಿ ಹಾಕಬೇಡಿ. ಪೇಮೆಂಟ್ ಯಾವಾಗ, ಎಷ್ಟು ದಿನದ ಕಾಲ್‌ಶೀಟ್, ಟೈಟಲ್ ಕಾರ್ಡಿನಲ್ಲಿ ಹೆಸರು ಹೇಗೆ ಬರುತ್ತದೆ, ಎಲ್ಲ ಬರವಣಿಗೆಯಲ್ಲಿರಲಿ. ‘ನಮ್ಮವರೇ ಅಲ್ವಾ’ ಎನ್ನುವ ಕಡೆಯಲ್ಲೇ ಹೆಚ್ಚು ಎಚ್ಚರವಿರಲಿ.

ಅಷ್ಟು ದೊಡ್ಡ ಗೆಲುವಿನ ನಂತರ ಜೋನ್ಸ್ ಏನು ಮಾಡಿದರು? ಸ್ಟುಡಿಯೋಗಳ ಬಾಗಿಲಲ್ಲಿ ಸಾಲು ನಿಲ್ಲಲಿಲ್ಲ. ನಾಟಕಕ್ಕೆ, ಪಾಠಕ್ಕೆ ಮರಳಿದರು. 1976ರಿಂದ 1981ರವರೆಗೆ ನ್ಯೂಯಾರ್ಕಿನ ಬ್ಲ್ಯಾಕ್ ಥಿಯೇಟರ್ ಅಲಯನ್ಸ್‌ನ ಕಾರ್ಯನಿರ್ವಾಹಕ ನಿರ್ದೇಶಕರಾಗಿ, ಸಣ್ಣಪುಟ್ಟ ಕಪ್ಪು ನಾಟಕ ತಂಡಗಳ ಒಕ್ಕೂಟವೊಂದನ್ನು ನಡೆಸುವ ಜವಾಬ್ದಾರಿ ಹೊತ್ತರು. ಆಮೇಲೆ ನ್ಯೂಯಾರ್ಕ್ ರಾಜ್ಯ ವಿಶ್ವವಿದ್ಯಾಲಯದ ಓಲ್ಡ್ ವೆಸ್ಟ್‌ಬರಿ ಕಾಲೇಜಿನಲ್ಲಿ ಕಲಿಸಿದರು, ಅಲ್ಲಿನ ಮಗ್ವೈರ್ ರಂಗಮಂದಿರದ ನಿರ್ದೇಶಕರಾದರು.

ನಡುವೆ ಬಂದ ಚಿತ್ರಗಳಲ್ಲಿ ಎರಡನ್ನು ನೀವು ಹುಡುಕಿ ನೋಡಬೇಕು. 1973ರ ‘ಗಾಂಜಾ ಅಂಡ್ ಹೆಸ್’ ಮೊದಲನೆಯದು. ಹಿಂದಿನ ವರ್ಷ ‘ಬ್ಲಾಕ್ಯುಲಾ’ ಎಂಬ ಕಪ್ಪು ಡ್ರಾಕುಲಾನ ಚಿತ್ರ ಓಡಿತ್ತು. ಅಂಥದ್ದೇ ಒಂದು ಮಾಡಿಕೊಡಿ ಎಂದು ನಿರ್ಮಾಪಕರು ಬಿಲ್ ಗನ್ ಅವರ ಕೈಗೆ ಹಣ ಕೊಟ್ಟರು. ಗನ್ ಆ ಹಣದಲ್ಲಿ ರಕ್ತದ ಚಟವನ್ನು ನೆಪವಾಗಿಟ್ಟುಕೊಂಡು ಧರ್ಮ, ದಾಹ, ಸಂಪತ್ತುಗಳ ಬಗ್ಗೆ ನಿಧಾನವಾಗಿ ಯೋಚಿಸುವ ಚಿತ್ರ ಮಾಡಿದರು. ಜೋನ್ಸ್ ಅದರಲ್ಲಿ ಹೆಸ್ ಗ್ರೀನ್ ಎಂಬ ಸಿರಿವಂತ ಮಾನವಶಾಸ್ತ್ರಜ್ಞ. ಕಾನ್ ಉತ್ಸವದ ವಿಮರ್ಶಕರ ವಾರದಲ್ಲಿ ಚಿತ್ರ ಪ್ರದರ್ಶನಗೊಂಡಿತು. ಇತ್ತ ಊರಿನಲ್ಲಿ ವಿತರಕರು ಅದನ್ನು ಕತ್ತರಿಸಿ, ಬೇರೆ ಹೆಸರಿಟ್ಟು ಮಾರಿದರು. ಮೂಲ ಪ್ರತಿ ಉಳಿದದ್ದು ನ್ಯೂಯಾರ್ಕಿನ ಆಧುನಿಕ ಕಲಾ ಸಂಗ್ರಹಾಲಯದಿಂದಾಗಿ. 2014ರಲ್ಲಿ ಸ್ಪೈಕ್ ಲೀ ಅದನ್ನು ಮತ್ತೆ ತೆಗೆದರು.

ಎರಡನೆಯದು ಥ್ರಿಲ್ಲರ್ ಅಲ್ಲ. ಕ್ಯಾಥ್ಲೀನ್ ಕಾಲಿನ್ಸ್ ಎಂಬ ಅಧ್ಯಾಪಕಿ 1982ರಲ್ಲಿ ಮಾಡಿದ ‘ಲೂಸಿಂಗ್ ಗ್ರೌಂಡ್’. ಅಮೆರಿಕದ ಕಪ್ಪು ಮಹಿಳೆಯೊಬ್ಬರು ನಿರ್ದೇಶಿಸಿದ ಮೊದಮೊದಲ ಪೂರ್ಣಾವಧಿ ಕಥಾಚಿತ್ರಗಳಲ್ಲಿ ಒಂದು. ತತ್ತ್ವಶಾಸ್ತ್ರ ಕಲಿಸುವ ಹೆಂಗಸಿನ ಬದುಕಿಗೆ ಬರುವ ನಟನ ಪಾತ್ರ ಜೋನ್ಸ್ ಅವರದು. ಬಿಲ್ ಗನ್ ಅವಳ ಗಂಡನ ಪಾತ್ರದಲ್ಲಿದ್ದಾರೆ. ಚಿತ್ರ ಸರಿಯಾಗಿ ಬಿಡುಗಡೆಯನ್ನೇ ಕಾಣಲಿಲ್ಲ. 1988ರ ಜುಲೈನಲ್ಲಿ ಜೋನ್ಸ್, ಸೆಪ್ಟೆಂಬರಿನಲ್ಲಿ ಕಾಲಿನ್ಸ್, ಮರುವರ್ಷ ಏಪ್ರಿಲ್‌ನಲ್ಲಿ ಗನ್, ಹೀಗೆ ಒಂದು ವರ್ಷ ಕಳೆಯುವುದರೊಳಗೆ ಮೂವರೂ ಹೋದರು. ಚಿತ್ರ ಮತ್ತೆ ಚಿತ್ರಮಂದಿರಕ್ಕೆ ಬಂದದ್ದು 2015ರಲ್ಲಿ. 2020ರಲ್ಲಿ ಅದು ಅಮೆರಿಕದ ರಾಷ್ಟ್ರೀಯ ಚಲನಚಿತ್ರ ದಾಖಲೆಗೆ ಸೇರಿತು. ಬೆನ್‌ನ ಚಿತ್ರ 1999ರಲ್ಲೇ ಸೇರಿತ್ತು. ಮಾಡಿದ್ದು ಕೆಲವೇ ಚಿತ್ರಗಳಾದರೂ ಅದರಲ್ಲಿ ಎರಡು ಒಂದು ದೇಶ ಕಾಪಾಡಿಕೊಳ್ಳುವ ಪಟ್ಟಿಯಲ್ಲಿವೆ. ಬಿಡುಗಡೆಯ ಶುಕ್ರವಾರದ ಲೆಕ್ಕದಲ್ಲಿ ಇದು ಎಲ್ಲೂ ಕಾಣುವುದಿಲ್ಲ. ನಿಮ್ಮ ಕೆಲಸವನ್ನು ಮೊದಲ ವಾರದ ಗಲ್ಲಾಪೆಟ್ಟಿಗೆಯಿಂದ, ಲೈಕುಗಳಿಂದ ಅಳೆದುಕೊಂಡು ಕಂಗೆಡಬೇಡಿ.

ಕೊನೆಯ ವರ್ಷಗಳಲ್ಲಿ ‘ವ್ಯಾಂಪೈರ್ಸ್’, ‘ಟು ಡೈ ಫಾರ್’ ಮುಂತಾದ ಸಣ್ಣ ಭಯಾನಕ ಚಿತ್ರಗಳಲ್ಲೂ ಅವರು ಬಂದುಹೋದರು. ಅವೆಲ್ಲ ಮಹಾಕೃತಿಗಳೆಂದು ನಾನು ಸುಳ್ಳು ಹೇಳುವುದಿಲ್ಲ. ಸಣ್ಣ ಕೆಲಸವೂ ಕೆಲಸವೇ. ಆದರೆ ಬೆನ್ ಎಂಬ ಒಂದೇ ಪಾತ್ರದ ಮನುಷ್ಯನಾಗಿ ಉಳಿಯುವುದು ಅವರಿಗೆ ಬೇಕಿರಲಿಲ್ಲ. ಅಭಿಮಾನಿಗಳ ಕೂಟಗಳಿಂದ ದೂರವಿದ್ದರು. ಆ ಚಿತ್ರದ ಬಗ್ಗೆ ಸವಿಸ್ತಾರವಾಗಿ ಮಾತಾಡಿದ್ದೂ ಅಪರೂಪ. ಈ ಒಂದು ವಿಷಯದಲ್ಲಿ ಅವರ ದಾರಿ ನನಗೆ ಪೂರ್ತಿ ಒಪ್ಪಿಗೆಯಿಲ್ಲ. ಜನ ಪ್ರೀತಿಯಿಂದ ಒಂದು ಪಾತ್ರವನ್ನು ಎದೆಗಿಟ್ಟುಕೊಂಡರೆ ಅವರಿಗೆ ಮುಖ ತೋರಿಸಿ ನಮಸ್ಕಾರ ಹೇಳುವುದರಲ್ಲಿ ನಟನಿಗೆ ಕಡಿಮೆಯಾಗುವುದೇನಿಲ್ಲ. ಪಾತ್ರ ನಿಮ್ಮನ್ನು ನುಂಗದಂತೆ ನೋಡಿಕೊಂಡರೆ ಸಾಕು.

ಈಗ ಇದನ್ನೆಲ್ಲ ಒಟ್ಟಿಗೆ ಸೇರಿಸಿ ನೋಡಿ. ಸಂಭಾಷಣೆ ಒಪ್ಪುವುದಿಲ್ಲ ಎಂದು ಜೋನ್ಸ್ ಹೇಳಬಲ್ಲವರಾದದ್ದು ಏಕೆ? ಆ ಚಿತ್ರ ಕೈತಪ್ಪಿದರೂ ಅವರ ಬದುಕು ಮುಳುಗುತ್ತಿರಲಿಲ್ಲ. ಓದು ಇತ್ತು, ರಂಗಭೂಮಿ ಇತ್ತು. ಬೇರೆ ಕಸುಬು ಇಟ್ಟುಕೊಂಡವನು ಅರೆಮನಸ್ಸಿನ ನಟ ಎಂದು ನಿಮಗೆ ಯಾರೋ ತಲೆಗೆ ತುಂಬಿರುತ್ತಾರೆ. ಇದ್ದದ್ದೆಲ್ಲ ಬಿಟ್ಟು ಗಾಂಧಿನಗರಕ್ಕೆ ಬಾ, ಹಸಿವೇ ಗುರು ಎನ್ನುತ್ತಾರೆ. ನಂಬಬೇಡಿ. ಬಾಡಿಗೆ ಬಾಕಿ ಇರುವವನು ಯಾವ ಹಾಳೆ ಕೊಟ್ಟರೂ ಓದುತ್ತಾನೆ. ಊರುಗೋಲಿಲ್ಲದೆ ನಿಲ್ಲಬಲ್ಲವನು ಮಾತ್ರ ನಿಂತ ಜಾಗವನ್ನು ತಾನೇ ಆರಿಸಿಕೊಳ್ಳುತ್ತಾನೆ.

‘ಹಾಗೆ ಬೇಡ ಎನ್ನುತ್ತ ಹೋದರೆ ಅವಕಾಶವೇ ಬರುವುದಿಲ್ಲವಲ್ಲ’ ಎಂದು ನೀವು ಕೇಳುತ್ತೀರಿ. ನಿಜ, ಕಡಿಮೆಯಾಗುತ್ತವೆ. ಜೋನ್ಸ್ ಅವರಿಗೂ ಅವಕಾಶಗಳು ಹೆಚ್ಚು ಬರಲಿಲ್ಲ. ಅದರಲ್ಲಿ ಅವರ ಆಯ್ಕೆಯ ಪಾಲೂ ಇತ್ತು, ಕಪ್ಪು ನಟರಿಗೆ ಹಾಲಿವುಡ್ ಕೊಡುತ್ತಿದ್ದ ಇಕ್ಕಟ್ಟಿನ ಜಾಗದ ಪಾಲೂ ಇತ್ತು. ಬೆಲೆ ತೆರದೆ ಸಿಗುವ ಸ್ವಾಭಿಮಾನವನ್ನು ನಾನು ಎಲ್ಲೂ ಕಂಡಿಲ್ಲ. ಆದರೆ ಅವರು ಕಲಿಸಿದ ಓಲ್ಡ್ ವೆಸ್ಟ್‌ಬರಿ ಕಾಲೇಜಿನ ಸಭಾಂಗಣವೊಂದಕ್ಕೆ ಇಂದು ಅವರ ಹೆಸರಿದೆ. ಅದು ಬೆನ್‌ನ ಹೆಸರಲ್ಲ, ಮೇಷ್ಟರ ಹೆಸರು.

ಆದ್ದರಿಂದ ಮಕ್ಕಳೇ, ಇಷ್ಟು ಮಾಡಿ. ಡಿಗ್ರಿ ಅರ್ಧಕ್ಕೆ ಬಿಟ್ಟವರು ಹೋಗಿ ಮುಗಿಸಿ. ಪಾಠ ಹೇಳುವುದೋ, ಡಬ್ಬಿಂಗೋ, ಅನುವಾದವೋ, ಎಡಿಟಿಂಗೋ, ತಿಂಗಳ ಬಾಡಿಗೆ ಕಟ್ಟುವಷ್ಟು ದುಡಿಸುವ ಒಂದು ವಿದ್ಯೆ ಕೈಯಲ್ಲಿರಲಿ. ಸಂಜೆ ತಾಲೀಮು ತಪ್ಪಿಸಬೇಡಿ. ಒಂದು ದಿನ ಯಾರೋ ನಿಮ್ಮ ಕೈಗೆ ಹಾಳೆ ಕೊಡುತ್ತಾರೆ. ಪೂರ್ತಿ ಓದಿ. ಚೆನ್ನಾಗಿದ್ದರೆ ಜೀವ ಕೊಟ್ಟು ಮಾಡಿ. ನಿಮ್ಮನ್ನೋ ನಿಮ್ಮ ಜನರನ್ನೋ ಕುಗ್ಗಿಸುವಂತಿದ್ದರೆ ಪೆನ್ನು ತೆಗೆದು ತಿದ್ದಿ ತೋರಿಸಿ. ತಿದ್ದಲು ಬಿಡದಿದ್ದರೆ ನಮಸ್ಕಾರ ಹೇಳಿ ಎದ್ದು ಬನ್ನಿ. ನಾಳೆ ಬೆಳಗ್ಗೆ ಹೋಗಲು ನಿಮಗೆ ಬೇರೆ ಕೆಲಸವಿರಲಿ.